ಕೊಠಡಿ ತೆರೆಯುವವರು ಯಾರು

ಟಿಣ್ ಟಿಣ್ ಟಿಣಿಣ್ — ಅದೇ ರಾಗ, ಅಡ್ಡಗೋಡೆಯ ಆಚೆಯಿಂದ, ಅಥವಾ ನನ್ನ ಕಿವಿಯೊಳಗಿಂದಲೇ, ಊಟವಾದ ಮೇಲೆ ನನ್ನ ಕಿವಿ ಇಲ್ಲದ್ದನ್ನೆಲ್ಲ ಕೇಳಿಸಿಕೊಳ್ಳುತ್ತದೆ, ಅಲ್ಲ, ಮತ್ತೆ ಬಂತು, ರೇಸಿನ ಗೇಮು ಶುರುವಾಗುವಾಗಿನ ರಾಗವೇ ಅದು, ಓರಗಿತ್ತಿಯ ನೀಲಿ ಗೇಮಿನದು, ಕೈಯಲ್ಲಿ ಹಿಡಿದು ಆಡುವ ಆ ಪುಟ್ಟ ಯಂತ್ರದ್ದು, ಹಾಗಾದರೆ ಅವಳು ಸಾಮಾನು ಕಟ್ಟುತ್ತಿಲ್ಲವೇ, ಸಂಜೆ ಲಾರಿ ಬರುತ್ತದೆ, ಬೆಳಗಿನಿಂದ ಆಚೆ ಟೇಪು ಎಳೆಯುವ ಸದ್ದು ಪರ್ ಪರ್ ಎಂದು ಬರುತ್ತಲೇ ಇತ್ತು, ಈಗ ಅದು ನಿಂತಿದೆ, ನಿಂತು ಈ ರಾಗ ಬಂದಿದೆ. ಒತ್ತುತ್ತಿರುವುದು ಅವಳೋ, ಇಲ್ಲ ನನ್ನ ಮೈದುನನೋ, ಪೆಟ್ಟಿಗೆಗೆ ಹಾಕುವ ಮುಂಚೆ ಕೆಟ್ಟಿದೆಯೋ ನೆಟ್ಟಗಿದೆಯೋ ಎಂದು ನೋಡುತ್ತಿರಬಹುದು, ಗೋಡೆಗೂ ಕಿವಿ ಇದೆ ಅನ್ನುತ್ತಾರೆ, ಕಣ್ಣಿದ್ದಿದ್ದರೆ ನನಗೆ ಎಷ್ಟು ಉಪಕಾರವಾಗುತ್ತಿತ್ತು. ಇದೂ ಒಂದು ಗೋಡೆಯೇ, ಪ್ಲೈವುಡ್ಡು, ಆಚೆ ಸೀನಿದರೆ ಈಚೆ ಕ್ಯಾಲೆಂಡರು ಅಲುಗುತ್ತದೆ, ಮೊದಲು ಇದು ಒಂದೇ ಉದ್ದನೆಯ ಕೋಣೆ, ಅಣ್ಣತಮ್ಮಂದಿರ ಒಂದೇ ಡ್ರೈವಿಂಗ್ ಸ್ಕೂಲು, ಬಾಗಿಲಿನ ಮೇಲೆ ಒಂದೇ ಬೋರ್ಡು. ಆಮೇಲೆ ತಮ್ಮ ಅಂದ, ಈಗ ಯಾರಿಗೂ ಗೇರು ಬೇಡ ಅಣ್ಣಾ, ಗೇರಿಲ್ಲದ ಕಾರು ತರೋಣ, ಅಣ್ಣ ಅಂದರು, ಗೇರಿಲ್ಲದ್ದು ಕಾರಲ್ಲ ಕಣೋ ಆಟದ ಸಾಮಾನು, ಎತ್ತು ಏರಿಗೆ ಎಳೆಯಿತು ಕೋಣ ನೀರಿಗೆ ಎಳೆಯಿತು, ಬಂಡಿಯಲ್ಲಿ ಕೂತಿದ್ದ ನಾವಿಬ್ಬರು ಓರಗಿತ್ತಿಯರು ಮುಖ ಮುಖ ನೋಡಿಕೊಂಡೆವು. ಏನ್ರೀ ಇದು, ನಾನು ಅವಳ ಹತ್ತಿರ ಮಾತಾಡಬಹುದೋ ಬೇಡವೋ ಎಂದು ನನ್ನವರನ್ನು ಕೇಳಿದರೆ, ನಿನ್ನಿಷ್ಟ, ನಾನೇನೂ ಹೇಳಿಲ್ಲ, ಆದ್ರೂ ನೋಡ್ಕೊಂಡು ಮಾಡು — ಅಡ್ಡಗೋಡೆಯ ಮೇಲೆ ದೀಪ ಇಡುವುದರಲ್ಲಿ ನನ್ನವರನ್ನು ಮೀರಿಸುವವರಿಲ್ಲ, ಆಗ ಇಲ್ಲಿ ಅಡ್ಡಗೋಡೆ ಇರಲಿಲ್ಲ, ದೀಪ ಮಾತ್ರ ಇತ್ತು, ಮಾರನೆಯ ವಾರ ಬಡಗಿ ಬಂದು ಗೋಡೆಯನ್ನೂ ಹಾಕಿದ.

ನನ್ನ ಕೆಂಪು ಗೇಮು ಎಲ್ಲಿ, ಮೇಜಿನ ಖಾನೆಯಲ್ಲಿ, ಎಲ್ ಬೋರ್ಡುಗಳ ಕೆಳಗೆ, ಸಿಕ್ಕಿತು, ಸತ್ತು ಹೋಗಿದೆ, ಚಾರ್ಜರ್ ಎಲ್ಲಿ, ಚಾರ್ಜರ್ ನಮ್ಮ ಪಾಲಿಗೆ ಬಂದಿತ್ತೋ ಅವರ ಪಾಲಿಗೆ ಹೋಗಿತ್ತೋ, ಬಂದಿದೆ, ಇಲ್ಲೇ ಇದೆ, ಹಾಗಾದರೆ ಅವಳು ಇಷ್ಟು ದಿನ ಯಾವುದರಲ್ಲಿ ಚಾರ್ಜ್ ಮಾಡಿದಳು. ಜೋಡಿ ತಂದಿದ್ದು, ಒಂದು ಕೆಂಪು ಒಂದು ನೀಲಿ, ಸರದಿ ಕಾಯುವ ವಿದ್ಯಾರ್ಥಿಗಳು ಆಡಿಕೊಂಡಿರಲಿ ಎಂದು ನನ್ನವರೇ ತಂದರು, ವಿದ್ಯಾರ್ಥಿಗಳು ಮುಟ್ಟಲೂ ಇಲ್ಲ, ಮಧ್ಯಾಹ್ನದ ಪಾಠ ಶುರುವಾಗುವವರೆಗೆ ನಾವಿಬ್ಬರೇ ಆಡಿದ್ದು, ಪಾಲಾಗುವಾಗ ಅಣ್ಣತಮ್ಮಂದಿರು ಇದನ್ನೂ ಬಿಡಲಿಲ್ಲ, ಒಂದು ನಿನಗೆ ಒಂದು ನನಗೆ, ಚಪ್ಪಲಿ ಜೋಡಿಯನ್ನು ಪಾಲು ಮಾಡಿದ ಹಾಗೆ. ಬೆಳಕು ಬಂತು. ಈಗ ಏನು ಒತ್ತಬೇಕು. ಒತ್ತುತ್ತಿದ್ದವಳು ಅವಳು, ನಾನು ಚಹಾ ಲೋಟ ಹಿಡಿದು ಕಾಯುತ್ತಿದ್ದೆ, ಅಕ್ಕಾ ನೀವು ಸುಮ್ನೆ ಒಳಗೆ ಬನ್ನಿ, ಕೊಠಡಿ ನಾನು ತೆರೀತೀನಿ, ಅಷ್ಟೇ ನನಗೆ ಗೊತ್ತಿರುವುದು, ಇಬ್ಬರೂ ಕೂಡಿ ಆಡುವ ಜಾಗಕ್ಕೆ ಗೇಮಿನಲ್ಲಿ ಕೊಠಡಿ ಅನ್ನುತ್ತಾರೆ. ಒಬ್ಬರೇ ಆಡಿ, ನೆಟ್ ಮೂಲಕ ಆಡಿ, ಹತ್ತಿರದವರೊಡನೆ ಆಡಿ, ಮೂರು ಸಾಲು, ನೆಟ್ ಅಲ್ಲ, ನೆಟ್ಟು ಯಾಕೇ ಬೇಡ ಎಂದು ಒಮ್ಮೆ ಕೇಳಿದ್ದೆ, ಬೇಡ ಅಕ್ಕಾ, ಇದಕ್ಕೆ ಹತ್ತಿರ ಇದ್ರೆ ಸಾಕು, ಗೋಡೆ ಅಡ್ಡ ಬಂದರೆ ಅಂದೆ, ಬಂದ್ರೆ ಬರ್ಲಿ ಬಿಡಿ, ಗೋಡೆ ಇದಕ್ಕೆ ಯಾವ ಲೆಕ್ಕ ಅಂದಿದ್ದಳು, ನಕ್ಕಿದ್ದಳು, ಆಗ ಗೋಡೆ ಎಂದರೆ ಬಚ್ಚಲಿನ ಗೋಡೆ ಅಷ್ಟೇ. ಹತ್ತಿರದವರೊಡನೆ. ಒತ್ತಿದೆ. ವೈರ್‌ಲೆಸ್ ಬಂದ್ ಆಗಿದೆ ಅನ್ನುತ್ತದೆ, ಯಾರು ಬಂದ್ ಮಾಡಿದರು, ನಾನಲ್ಲ, ಮೂಲೆಯಲ್ಲೊಂದು ವಿಮಾನದ ಚಿತ್ರ ಕೂತಿದೆ, ನಾನು ಯಾವ ವಿಮಾನ ಹತ್ತಿದ್ದೆ, ಗೋಡೆ ಬಂದ ದಿನ ಸಿಟ್ಟಿನಲ್ಲಿ ಏನೇನೋ ಒತ್ತಿ ಖಾನೆಗೆ ಎಸೆದಿದ್ದೆ, ಆಗ ತಾನೇ ಹತ್ತಿ ಕೂತಿರಬೇಕು ಇದು, ಹೋಗು, ಇಳಿ, ಇಳಿಯಿತು. ಈಗ ಎರಡು ಗುಂಡಿ, ಕೊಠಡಿ ತೆರೆಯಿರಿ, ಕೊಠಡಿ ಸೇರಿರಿ.

ಸೇರು ಒತ್ತಬೇಕು, ಯಾವಾಗಲೂ ತೆರೆಯುವವಳು ಅವಳು, ಆದರೆ ಅದು ಆಗ, ಈಗ ಹೊರಟು ನಿಂತವಳು ಅವಳು, ಹೊರಡುವವರು ಬಾಗಿಲು ತೆರೆದು ಕೂರುತ್ತಾರೆಯೇ, ಮೇಲಾಗಿ ನಾನು ದೊಡ್ಡವಳು, ಕರೆಯಬೇಕಾದವಳು ದೊಡ್ಡವಳೇ, ತೆರೆಯಿರಿ ಒತ್ತಿದೆ. ಬ್ರೇಕ್ ಅವರ ಕೊಠಡಿ, ಒಳಗೆ ಇರುವವರು ಒಬ್ಬರು, ಕಾಯಲಾಗುತ್ತಿದೆ. ಬ್ರೇಕ್ ಅಂದರೆ ನಾನು, ಆ ಹೆಸರು ಅವಳೇ ಕೂರಿಸಿದ್ದು, ವಿದ್ಯಾರ್ಥಿಗಳು ನನ್ನ ಬೆನ್ನ ಹಿಂದೆ ಬ್ರೇಕಕ್ಕ ಅನ್ನುತ್ತಾರೆ, ಕಲಿಸುವವರ ಕಾಲ ಬುಡದಲ್ಲಿ ಇನ್ನೊಂದು ಬ್ರೇಕು ಇರುತ್ತದಲ್ಲ, ಎದುರಿಗೆ ನಾಯಿ ಬಂದರೂ ನಾನು ಒತ್ತುತ್ತೇನೆ, ನೆರಳು ಬಂದರೂ ಒತ್ತುತ್ತೇನೆ, ಅವಳು ಕ್ಲಚ್ಚಮ್ಮ, ಕ್ಲಚ್ ಒತ್ತು ಕ್ಲಚ್ ಒತ್ತು ಎಂದು ಬೀದಿಗೆಲ್ಲ ಕೇಳುವ ಹಾಗೆ ಕೂಗುತ್ತಾಳೆ, ಈಗ ಗಂಡನ ಜೊತೆ ಕ್ಲಚ್ಚೇ ಇಲ್ಲದ ಕಾರು ಕಲಿಸಲು ಬೇರೆ ಊರಿಗೆ ಹೋಗುತ್ತಿದ್ದಾಳೆ, ಅಲ್ಲಿ ಏನೆಂದು ಕೂಗುತ್ತಾಳೆ ಪಾಪ. ಕಾಯಲಾಗುತ್ತಿದೆ. ಯಾರೂ ಬರಲಿಲ್ಲ. ಆಚೆ ಸದ್ದೂ ಇಲ್ಲ, ಸದ್ದಿಲ್ಲವೆಂದರೆ ಅವಳೂ ಕಾಯುತ್ತಿದ್ದಾಳೆ, ಅವಳ ಕೊಠಡಿಯನ್ನು ಅವಳು ತೆರೆದು ಕೂತಿದ್ದಾಳೆ, ನನ್ನದನ್ನು ನಾನು ತೆರೆದು ಕೂತಿದ್ದೇನೆ, ಇಬ್ಬರಿಗೂ ಬಾಗಿಲಿದೆ, ಬರುವವರಿಲ್ಲ. ಮುಚ್ಚಿದೆ, ಸೇರಿರಿ ಒತ್ತಿದೆ, ಹುಡುಕಲಾಗುತ್ತಿದೆ, ಹುಡುಕಲಾಗುತ್ತಿದೆ, ಹತ್ತಿರದಲ್ಲಿ ಯಾವ ಕೊಠಡಿಯೂ ಇಲ್ಲ. ಇಲ್ಲವೇ, ಅಥವಾ ಅವಳೂ ಈಗಲೇ ಮುಚ್ಚಿ ಹುಡುಕಲು ಹೊರಟಳೋ, ಕಿರಿದಾದ ಓಣಿಯಲ್ಲಿ ಎದುರಾದವರು ನೀವು ಹೋಗಿ ನೀವು ಹೋಗಿ ಎಂದು ಇಬ್ಬರೂ ಒಂದೇ ಕಡೆಗೆ ಸರಿಯುವ ಹಾಗೆ, ಮತ್ತೆ ತೆರೆದೆ, ಮತ್ತೆ ಮುಚ್ಚಿದೆ, ತಲೆ ಬುಡ ತಿಳಿಯುತ್ತಿಲ್ಲ.

ನಾವು ಜಗಳವಾಡಿದ್ದೇವೋ ಇಲ್ಲವೋ, ಅದೇ ನನಗೆ ಇವತ್ತಿಗೂ ಗೊತ್ತಿಲ್ಲ. ಜಗಳವಾಡಿದ್ದರೆ ಯಾವುದಾದರೂ ಮಾತು ನೆನಪಿರಬೇಕು, ಅವಳು ಅಂದದ್ದೋ ನಾನು ಅಂದದ್ದೋ, ನೆನಪಿರುವುದು ಗೋಡೆ ಹಾಕಿದ ದಿನ, ಬಡಗಿ ಯಾರಾದ್ರೂ ಸ್ವಲ್ಪ ಹಿಡ್ಕೊಳ್ರಮ್ಮಾ ಅಂದ, ಅವಳೊಂದು ಕಡೆ ಹಿಡಿದಳು ನಾನೊಂದು ಕಡೆ ಹಿಡಿದೆ, ಅವನು ಬಡಿಯುತ್ತಾ ಹೋದ, ಕೊನೆಯ ಹಲಗೆ ನಿಲ್ಲಿಸುವಾಗ ನೋಡಿದರೆ ಅವಳು ಆಚೆ ಇದ್ದಾಳೆ ನಾನು ಈಚೆ ಇದ್ದೇನೆ, ಅಕ್ಕಾ ಆ ಮೊಳೆ ಡಬ್ಬ ಇತ್ಲಾಗೆ ಕೊಡಿ ಅಂದಳು, ಸಂದಿನಿಂದ ಕೊಟ್ಟೆ, ಹಲಗೆ ಕೂತಿತು, ಅಷ್ಟೇ. ಅದೇ ಕೊನೆಯ ಮಾತು, ಮೊಳೆ ಡಬ್ಬ. ಅದರಲ್ಲಿ ಜಗಳ ಎಲ್ಲಿದೆ, ಆಮೇಲೆ ಚಿಕ್ಕವಳು ತಾನಾಗಿ ಬರಲಿ ಎಂದು ನಾನು, ದೊಡ್ಡವರು ಕರೆಯಲಿ ಎಂದು ಅವಳು, ಹಾಗೆಂದು ಅವಳು ಹೇಳಿಲ್ಲ, ನಾನೇ ಅವಳ ಪರವಾಗಿಯೂ ಯೋಚಿಸಿಕೊಂಡೆ, ಬಾಗಿಲಲ್ಲಿ ಎದುರಾದರೆ ಬೀಗದ ಕೈ ಹುಡುಕುವವಳಂತೆ ಚೀಲದೊಳಗೆ ತಲೆ ಹಾಕುತ್ತಿದ್ದೆ, ಅವಳೂ ಚೀಲದೊಳಗೆ ತಲೆ ಹಾಕುತ್ತಿದ್ದಳು. ಹೋಗಿ ಬಾಗಿಲು ತಟ್ಟಿದರೆ ಮುಗಿಯಿತು, ನಾಲ್ಕು ಹೆಜ್ಜೆ, ಆದರೆ ಮೈದುನ ತೆಗೆದರೆ ಏನನ್ನಲಿ, ಮೊಳೆ ಡಬ್ಬ ಇದ್ದರೆ ಕೊಡು ಅನ್ನಲೇ. ಇವತ್ತು ಸಂಜೆಯ ಮೇಲೆ ಇದು ಎಷ್ಟು ಹುಡುಕಿದರೂ ಅವಳು ಸಿಗುವುದಿಲ್ಲ, ಹತ್ತಿರ ಇದ್ದರೆ ಸಾಕು ಎಂದರೆ ಹತ್ತಿರ ಇಲ್ಲದಿದ್ದರೆ ಸಾಲದು ಎಂದೇ ಅಲ್ಲವೇ ಅರ್ಥ, ಅವಳು ಬೇಕು ನನಗೆ, ಮಧ್ಯಾಹ್ನಗಳಿಗೆ ಬೇಕು, ನನ್ನವರ ದೀಪಗಳನ್ನು ನೋಡಿ ನಗುವುದಕ್ಕೆ ಇನ್ನು ಯಾರಿದ್ದಾರೆ. ಸಾಕು ಈ ಓಣಿಯ ಆಟ, ಯಾರಾದರೂ ಒಬ್ಬರು ಸುಮ್ಮನಿರಬೇಕು, ನಾನೇ ಸುಮ್ಮನಿರುತ್ತೇನೆ, ಸೇರಿರಿ ಒತ್ತಿ ಕೈಯನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂತೆ, ಹುಡುಕಲಾಗುತ್ತಿದೆ, ಹುಡುಕಲಾಗುತ್ತಿದೆ, ದೊಡ್ಡವಳು ಹುಡುಕಿಕೊಂಡು ಬಂದಳು ಎಂದು ಬೇಕಾದರೆ ನಗಲಿ, ಹುಡುಕಲಾಗುತ್ತಿದೆ.

ಕ್ಲಚ್ ಅವರ ಕೊಠಡಿ. ಬಂತು. ಒಳಗೆ ಇರುವವರು ಒಬ್ಬರು, ಒತ್ತಿದೆ, ಇಬ್ಬರು. ಇದರಲ್ಲಿ ಹೆಸರು ಕ್ಲಚ್ ಎಂದೇ ಇರುತ್ತದೆ, ಹಿಡಿದವರು ಯಾರಾದರೂ ಆಗಬಹುದು, ಇದು ನೀನೇನೇ ಎಂದು ಬರೆದು ಕೇಳಲು ಜಾಗವಿಲ್ಲ, ಕಾರು ಆರಿಸಿಕೊಳ್ಳಿ ಅನ್ನುತ್ತದೆ, ನಾನು ಕೆಂಪು ಕಾರು, ಅವಳಾಗಿದ್ದರೆ ಹಳದಿ ವ್ಯಾನು ತೆಗೆದುಕೊಳ್ಳುತ್ತಾಳೆ, ಎಷ್ಟು ವೇಗದ ಕಾರಿದ್ದರೂ ಅವಳಿಗೆ ಆ ಡಬ್ಬವೇ ಬೇಕು, ಪಾಪ ಅಕ್ಕಾ ಅದನ್ನ ಯಾರೂ ತಗೊಳಲ್ಲ — ಹಳದಿ ವ್ಯಾನು. ಬಂದು ನನ್ನ ಪಕ್ಕ ನಿಂತಿತು. ಮೈದುನ ಸಾಯುವವರೆಗೂ ಆ ವ್ಯಾನು ತೆಗೆದುಕೊಳ್ಳುವವನಲ್ಲ. ಪೀಂ ಪೀಂ, ಎರಡು ಸಲ, ಗೇಮಿನೊಳಗೂ ಗೋಡೆಯ ಆಚೆಯೂ ಒಟ್ಟಿಗೇ, ಹೊರಡುವ ಮುಂಚೆ ಅವಳು ಎರಡು ಸಲ ಹಾರ್ನ್ ಹೊಡೆಯದೆ ಇದ್ದದ್ದೇ ಇಲ್ಲ, ನಾನೂ ಹೊಡೆದೆ, ಪೀಂ ಪೀಂ, ಕಣ್ಣು ಮಂಜಾಗಿ ರಸ್ತೆಯೇ ಕಾಣುತ್ತಿಲ್ಲ, ಇಂಥ ಕಣ್ಣಿಟ್ಟುಕೊಂಡು ಊರಿಗೆಲ್ಲ ಕಾರು ಕಲಿಸುತ್ತೇನೆ. ಮೂರು, ಎರಡು, ಒಂದು, ಹಸಿರು. ಗೇಮಿನವೇ ಆದ ಮಿಕ್ಕ ಕಾರುಗಳು ಬುರ್ರೆಂದು ಎರಡೂ ಪಕ್ಕದಿಂದ ಹೋದವು, ಕೆಂಪು ಕಾರು ನಿಂತೇ ಇದೆ, ಹಳದಿ ವ್ಯಾನೂ ನಿಂತೇ ಇದೆ, ನನ್ನ ಬಲಗಾಲು ಮೇಜಿನ ಕೆಳಗೆ ಬರಿಯ ನೆಲವನ್ನು ಒತ್ತಿ ಹಿಡಿದಿದೆ, ಹೊರಟರೆ ಮೂರು ಸುತ್ತು, ಮೂರು ಸುತ್ತಾದರೆ ಮುಗಿಯಿತು, ಮುಗಿದರೆ ಲಾರಿ. ಅವಳು ಮದುವೆಯಾಗಿ ಬಂದ ಹೊಸತು, ಮೊದಲ ಸಲ ಅವಳನ್ನು ದೊಡ್ಡ ರಸ್ತೆಗೆ ಕರೆದುಕೊಂಡು ಹೋಗಿದ್ದೆ, ಸಿಗ್ನಲ್ಲಿನಲ್ಲಿ ಹಸಿರು ಬಂದರೂ ಹಿಂದೆ ಇಷ್ಟುದ್ದ ಗಾಡಿಗಳು ಬಡಿದುಕೊಳ್ಳುತ್ತಿದ್ದರೂ ಅವಳು ಸ್ಟಿಯರಿಂಗ್ ಹಿಡಿದು ಕೂತೇ ಇದ್ದಳು, ಹಸಿರು ಬಂತು ಕಣೇ ಹೊರಡು ಅಂದೆ, ನನ್ನ ಕಡೆ ತಿರುಗಿ, ಎಲ್ಲಿಗೆ ಅಕ್ಕಾ, ಅಂದಳು, ಎಲ್ಲಿಗಾದ್ರೂ ಸರಿ ಮೊದಲು ಹೊರಡು ಎಂದು ಗದರಿದೆ, ಇಬ್ಬರೂ ನಕ್ಕೂ ನಕ್ಕೂ ಗಾಡಿ ಬಂದ್ ಬಿತ್ತು. ಹಸಿರು ಹಾಗೇ ಉರಿಯುತ್ತಿದೆ. ಹಸಿರು ಬಂತು ಕಣೇ, ಹೊರಡು — ಬಾಯಿಂದ ಬಂದೇಬಿಟ್ಟಿತು, ಗಟ್ಟಿಯಾಗಿ, ಗೋಡೆಗೆ ಮುಖ ಮಾಡಿ, ಕ್ಯಾಲೆಂಡರು ಅಲುಗಿತು. ಆಚೆ ಮೂಗು ಎಳೆದುಕೊಂಡ ಸದ್ದು, ಆಮೇಲೆ ಪ್ಲೈವುಡ್ಡಿಗೆ ಬಾಯಿ ಹಚ್ಚಿದಷ್ಟು ಹತ್ತಿರದಿಂದ, ಎಲ್ಲಿಗೆ ಅಕ್ಕಾ. ಎಲ್ಲಿಗಾದರೂ ಸರಿ ಅಂದರೆ ಹೊರಟೇಬಿಡುತ್ತಾಳೆ, ಕಾಲು ನೆಲ ಬಿಡುತ್ತಿಲ್ಲ, ಕೆಂಪು ಕಾರು, ಪಕ್ಕದಲ್ಲಿ ಹಳದಿ ವ್ಯಾನು, ಮೇಲೆ ಹಸಿರು, ಕೆಂಪು ಕಾರು, ಹಳದಿ ವ್ಯಾನು, ಹಸಿರು