ಒಶಾವಾದಾಚೆಯವರಿಗೆ ಮಾತ್ರ

ಅರುಂಧತಿ ಕಾಲೇಜಿನಲ್ಲಿ ಟೀವಿಯ ಇತಿಹಾಸ ಪಾಠ ಮಾಡುವವಳು. ಪರದೇಶದ ತಮ್ಮೂರು ಮಾರ್ಕಮ್ಮಿನ ಕನ್ನಡ ಸಂಘದ ಸಭೆಯಲ್ಲಿ ಅವಳು ಆ ಕಥೆ ಹೇಳಿದ್ದು ನಗಿಸಲಿಕ್ಕೆ. ಅಮೆರಿಕನ್ ಫುಟ್‌ಬಾಲ್ ಟೀವಿಗೆ ಹೊಸದಾಗಿ ಬಂದಾಗ ಲಾಸ್ ಏಂಜಲೀಸಿನ ತಂಡವೊಂದು ತವರಿನ ಆಟಗಳನ್ನೆಲ್ಲ ಮನೆಮನೆಗೆ ತೋರಿಸಿ ಮೈದಾನವನ್ನು ಅರ್ಧ ಖಾಲಿ ಮಾಡಿಕೊಂಡಿತು. ಆಮೇಲೆ ಮಾಲೀಕರು ಬುದ್ಧಿವಂತರಾದರು: ಊರಲ್ಲಿ ಆಟವಿದ್ದರೆ ಆ ಊರಿನ ಟೀವಿಗೆ ಕತ್ತಲು. ತಮ್ಮೂರಿನ ಆಟ ನೋಡಲು ಜನ ಪರವೂರಿನ ಮೋಟೆಲುಗಳಿಗೆ ಕಾರು ಓಡಿಸಿದರು. ಸಭೆ ನಕ್ಕಿತು. ಅಧ್ಯಕ್ಷ ಭಾಸ್ಕರ ಮಾತ್ರ ನಗದೆ ತಲೆದೂಗಿದ.

ಮುಂದಿನ ವಾರ ಸಂದೇಶ ಬಂತು: ರಾಜ್ಯೋತ್ಸವದ ನೇರಪ್ರಸಾರ ಮುಕ್ಕಾಲು ಗಂಟೆ ದಾರಿಯ ಒಶಾವಾ ಊರಿನಾಚೆಯವರಿಗೆ ಮಾತ್ರ, ಉಳಿದವರು ಊರೊಳಗಿನ ಯೂನಿಯನ್‌ವಿಲ್‌ನ ಸಭಾಂಗಣಕ್ಕೇ ಬರಬೇಕು. ಫೋನು ಎಲ್ಲಿದೆಯೆಂದು ನೋಡಿಯೇ ಪ್ರಸಾರದ ಆ್ಯಪ್ ಬಾಗಿಲು ತೆಗೆಯುತ್ತಿತ್ತು.

ಅರುಂಧತಿ ಫೋನ್ ಮಾಡಿದಳು. "ಭಾಸ್ಕರ್, ನಮ್ಮತ್ತೆಗೆ ಮಂಡಿ ಆಪರೇಷನ್ ಆಗಿದೆ. ಹಾಲ್ ಇರೋದು ಬೇಸ್‌ಮೆಂಟಲ್ಲಿ, ಲಿಫ್ಟಿಲ್ಲ. ಅವರೊಬ್ಬರಿಗೆ ಓಪನ್ ಮಾಡಿ."

"ಒಬ್ರಿಗೆ ಮಾಡಿದ್ರೆ ಮಾರ್ಕಮ್ಮಿನ ಮಂಡಿಗಳೆಲ್ಲಾ ಕೆಟ್ಟೋಗ್ತವೆ ಮೇಡಂ. ಐಡಿಯಾ ನಿಮ್ದೇ ಅಲ್ವಾ? ಥ್ಯಾಂಕ್ಸ್ ಹೇಳೋದೇ ಮರ್ತೆ. ಈ ಸಲ ಒಂದು ಕುರ್ಚೀನೂ ಖಾಲಿ ಇರಲ್ಲ."

"ಅದು ದುರಾಸೆಗೆ ಉದಾಹರಣೆ ರೀ!"

"ಸ್ಟೇಡಿಯಂ ತುಂಬ್ತಲ್ವಾ?"

ತುಂಬಿತ್ತು. ಇತಿಹಾಸ ಅವನ ಪಕ್ಷದಲ್ಲಿತ್ತು.

ಅತ್ತೆ ಶಾರದವ್ವ ಧಾರವಾಡದವರು. ಮೊಮ್ಮಗಳು, ಅರುಂಧತಿಯ ಮಗಳು ಚೈತನ್ಯಾ, ರಾಜ್ಯೋತ್ಸವದಲ್ಲಿ ಹಾಡಬೇಕಿದ್ದ ವಚನವನ್ನು ಪದಪದವಾಗಿ ಬಾಯಿಪಾಠ ಮಾಡಿಸಿದವರು ಅವರೇ. ಕಾರ್ಯಕ್ರಮದ ಮಧ್ಯಾಹ್ನ ಚೈತನ್ಯಾ, ಗೆಳತಿಯ ತಾಯಿ ಸೌಮ್ಯಾಳ ಕಾರಿನಲ್ಲಿ ಮೊದಲೇ ಹೋಗಿದ್ದಳು. ಅರುಂಧತಿಯ ಗಂಡ ಉದಯಕುಮಾರ ಶಿಫ್ಟಿನಲ್ಲಿದ್ದ. ಸೀರೆಯುಟ್ಟ ಸೊಸೆ ಬಾಗಿಲ ಬಳಿ ಬರುವುದನ್ನೇ ಶಾರದವ್ವ ಕಾಯುತ್ತಿದ್ದರು.

"ಹೋಗವಾ, ಹೋಗು. ಕಲಿಸಿದಾಕಿ ಇಲ್ಲಿ ಗ್ವಾಡಿ ನೋಡಕೋತ ಕುಂದರತೀನಿ."

"ರೆಕಾರ್ಡ್ ಮಾಡ್ಕೊಂಡ್ ಬರ್ತೀನಿ ಅತ್ತೆ."

"ತಂಗಳಾ ನನಗ ಬ್ಯಾಡ. ಫೋನಿನ್ಯಾಗಿನ ಮಾತು ಕೇಳೀನಿ, ಬಾಗಲಾ ಹಾಕಿಸಿದಾಕಿ ನೀನ. ಇಷ್ಟ ಓದೀದಿ, ಬಾಯಿ ಯಾವಾಗ ಮುಚ್ಚಬೇಕಂತ ಒಬ್ಬರೂ ಕಲಿಸಲಿಲ್ಲೇನು?"

ಅರುಂಧತಿ ಕಾರಿನ ಕೀಲಿ ತೆಗೆದುಕೊಂಡಳು. ಅತ್ತೆಯನ್ನು ಹಿಂದಿನ ಸೀಟಿನಲ್ಲಿ ಕೂರಿಸಿ, ಕಾಲಡಿಗೆ ದಿಂಬು ತುರುಕಿ, ಸಭಾಂಗಣಕ್ಕೆ ಬೆನ್ನುಮಾಡಿ ಕಾರು ಓಡಿಸಿದಳು. ತಾನು ತರಗತಿಯಲ್ಲಿ ವರ್ಷವರ್ಷವೂ ನಗೆಯಾಡುತ್ತಿದ್ದ ಆ ಮೋಟೆಲ್ ಗಿರಾಕಿಗಳ ಸಾಲಿಗೆ ತಾನೂ ಸೇರಿದ್ದು ಅವಳಿಗೆ ಗೊತ್ತಿತ್ತು. ಹಿಂದಿನ ಸೀಟಿನವರಿಗೆ ಗೊತ್ತಿರಲಿಲ್ಲ, ಅದೊಂದೇ ಪುಣ್ಯ.

ಒಶಾವಾ ದಾಟಿ, ಪೆಟ್ರೋಲ್ ಬಂಕೊಂದರ ಅಂಗಳದಲ್ಲಿ ನಿಂತಾಗ ಆ್ಯಪ್ ತೆರೆಯಿತು.

ಸಭಾಂಗಣ ಕಿಕ್ಕಿರಿದಿತ್ತು, ಗೋಡೆಗೊರಗಿ ನಿಂತವರೂ ಇದ್ದರು. ಭಾಸ್ಕರ ವೇದಿಕೆಯ ಅಂಚಿನಲ್ಲಿ, ಗೆದ್ದ ತಂಡದ ಮಾಲೀಕನಂತೆ ಕೈಕಟ್ಟಿ ನಿಂತಿದ್ದ. ಚೈತನ್ಯಾ ಮೈಕಿನ ಮುಂದೆ ಬಂದಳು. ಮುಂದಿನ ಸಾಲಿನತ್ತ ನೋಡಿದಳು. ಮತ್ತೆ ನೋಡಿದಳು.

"ವೇರ್ ಈಸ್ ಅಮ್ಮ?"

ಮೈಕಿನಲ್ಲಿ ಅದು ಎಲ್ಲರಿಗೂ ಕೇಳಿಸಿತು, ಒಶಾವಾದಾಚೆಗೂ. ಭಾಸ್ಕರ ಹಾಡು ಹಾಡೆಂದು ಕೈಸನ್ನೆ ಮಾಡಿದ. ಅವಳು ಹಾಡದೆಯೇ ಒಳಗೆ ಓಡಿದಳು.

ಶಾರದವ್ವ ಫೋನನ್ನು ಕಣ್ಣಿಗೆ ಹತ್ತಿರ ಹಿಡಿದರು. ಸಾಲುಸಾಲು ತಲೆಗಳಾಚೆ, ಮುಂದಿನ ಸಾಲಿನಲ್ಲಿ, ಸೌಮ್ಯಾ ತನ್ನ ಶಾಲು ಹಾಕಿ ಹಿಡಿದಿಟ್ಟಿದ್ದ ಜಾಗವೊಂದು ಕಾಣುತ್ತಿತ್ತು.

"ಅಷ್ಟ ಮಂದ್ಯಾಗ ಒಂದ ಕುರ್ಚಿ ಖಾಲಿ ಐತಿ ನೋಡು," ಎಂದರು. "ನಿಂದ."