ಚಪ್ಪಡಿ ಕಲ್ಲಿನ ಮೇಲಿಟ್ಟ ಎಡೆ

ಕೊಲ್ಲೂರಿನ ಲಾಡ್ಜಿನಿಂದ ಫೋನು ಬಂದಾಗ ನಾನು ಆಮೆಗೆಂದು ದಾಸವಾಳದ ಎಲೆ ಕೊಯ್ಯುತ್ತಿದ್ದೆ. ಎರಡು ಸಾವಿರದ ಎಂಟನೆಯ ಇಸವಿಯ ಮೇ ತಿಂಗಳು. ನನ್ನ ತಮ್ಮ ಗುಣಪಾಲ ಹಿಂದಿನ ದಿನ ಮೂಕಾಂಬಿಕೆಯ ದರ್ಶನಕ್ಕೆ ಹೋದವನು, ಒಂದು ರಾತ್ರಿ ಅಲ್ಲಿದ್ದು ಬರುತ್ತೇನೆಂದು ಹೇಳಿದ್ದ.

"ನೀವ್ ಗುಣಪಾಲ ಶೆಟ್ರಿಗೆ ಎಂತ ಆಯ್ಕ್?" ಎಂದು ಫೋನಿನವನು ಕೇಳಿದ.

"ಅಕ್ಕ."

"ಮನಿಯಗೆ ಗಂಡಸ್ರ್ ಯಾರಾರೂ ಇದ್ರಾ ಅಮ್ಮ?"

ತಮ್ಮ ಇನ್ನಿಲ್ಲವೆಂದು ಅಷ್ಟರಲ್ಲೇ ನನಗೆ ತಿಳಿಯಿತು. ಫೋನು ಇಟ್ಟು ಅಂಗಳಕ್ಕೆ ಬಂದೆ. ಬಾವಿಯ ಪಕ್ಕದ ಚಪ್ಪಡಿ ಕಲ್ಲಿನ ಮೇಲೆ ಆಮೆ ಆಗಲೇ ಬಂದು ಕತ್ತು ಚಾಚಿ ನಿಂತಿತ್ತು. ಕೈಯಲ್ಲಿದ್ದ ಎಲೆಗಳನ್ನು ಅದರ ಮುಂದಿಟ್ಟೆ. ಆಮೇಲೆ ಬಾವಿಕಟ್ಟೆಗೆ ಒರಗಿ ಕುಳಿತೆ.

ಗುಣಪಾಲನಿಗೆ ಚಿಂತಾಮಣಿಯಲ್ಲಿ ಹೋಟೆಲಿತ್ತು. ಹೆಂಡತಿ ತೀರಿಕೊಂಡ ಮೇಲೆ ಅದನ್ನು ಮಗ ಪ್ರಖ್ಯಾತನಿಗೆ ಬಿಟ್ಟು, ಹಾಲಾಡಿಯ ಹತ್ತಿರದ ನನ್ನ ಮನೆಗೆ ಬಂದ. ಬರುವಾಗ ಒಂದು ಟ್ರಂಕು, ಒಂದು ಬುಟ್ಟಿ. ಬುಟ್ಟಿಯಲ್ಲಿ ಈ ಆಮೆ. ಬೆನ್ನ ಮೇಲೆ ಹಳದಿ ಗೆರೆಗಳು ನಕ್ಷತ್ರದ ಹಾಗೆ ಹರಡಿದ, ನೆಲದ ಮೇಲೆ ಬದುಕುವ ಜಾತಿಯದು. ಆ ಕಡೆಯ ಬಯಲಿನಲ್ಲಿ ಯಾರೋ ಹಿಡಿದದ್ದು ಅವನ ಹೋಟೆಲಿನ ಗಲ್ಲಾಪೆಟ್ಟಿಗೆಯ ಮೇಜಿನ ಕೆಳಗೆ ಬಂದು ಸೇರಿಕೊಂಡಿತ್ತಂತೆ. ಅಲ್ಲಿಂದ ಕದಲದೆ ಕುಳಿತಿರುತ್ತಿದ್ದುದರಿಂದ ಅದಕ್ಕೆ ಸೌಕಾರ ಎಂದು ಹೆಸರಾಯಿತು.

ಬಂದ ಹೊಸದರಲ್ಲಿ ನಾನು ಅದಕ್ಕೊಂದು ರಸಬಾಳೆಹಣ್ಣು ಸುಲಿದು ಕೊಟ್ಟೆ. ಗುಣಪಾಲ ಓಡಿ ಬಂದು ಅದರ ಬಾಯಿಂದಲೇ ಕಿತ್ತುಕೊಂಡ.

"ಹಣ್ಣ್ ಕೊಡುಕಾಗ ಅಕ್ಕ. ಇದ್ರ ಹೊಟ್ಟಿ ಹುಲ್ಲು, ಸೊಪ್ಪಿಗ್ ಆದ ಹೊಟ್ಟಿ. ಸಿಹಿ ಹೋದ್ರೆ ದ್ವಾಸಿ ಹಿಟ್ಟ್ ಉಕ್ಕಿದಂಗ್ ಒಳಗೇ ಉಕ್ಕತ್ತ್."

"ಅದೇ ಆಸಿ ಮಾಡಿ ತಿಂತಲ ಮಾರಾಯ."

"ಆಸಿ ಮಾಡಿ ತಿಂತ್. ಸಕ್ರಿ ಕಾಯ್ಲಿಯರೂ ಜಿಲೇಬಿ ಆಸಿ ಮಾಡ್ತ್ರ್. ಹೋಟ್ಲಗೆ ಎಷ್ಟ್ ಜನ್ರನ್ನ್ ಕಂಡಿದೆ ನಾನ್."

ಹಾಗೆಂದು ಅವನು ಹಣ್ಣು ಕೊಡುತ್ತಲೇ ಇರಲಿಲ್ಲವೆಂದಲ್ಲ. ಸಂಕಷ್ಟಿಯ ದಿನ ಹಟ್ಟಿಯಂಗಡಿಗೆ ಹೋಗಿ ಗಣಪತಿಗೆ ಕೈಮುಗಿದು ಬಂದ ಮೇಲೆ ಪಪ್ಪಾಯಿಯ ಒಂದು ತುಂಡು, ಬೀಜ ತೆಗೆದು, ಸಿಪ್ಪೆ ಹೆರೆದು, ಹೆಬ್ಬೆರಳಿನ ಉಗುರಿನಷ್ಟು ಕೊಡುತ್ತಿದ್ದ. ಸೌಕಾರ ತಿಂದಾದ ಮೇಲೆ ಕಲ್ಲನ್ನು ತೊಳೆಯುತ್ತಿದ್ದ. ಉಳಿದ ದಿನಗಳಲ್ಲಿ ಗರಿಕೆ, ದಾಸವಾಳದ ಎಲೆ ಮತ್ತು ಹೂವು, ಒಣಹುಲ್ಲು, ಅಗಲ ತಟ್ಟೆಯಲ್ಲಿ ನೀರು. ಅದಕ್ಕೆ ಆ ಕಲ್ಲೇ ಬಾಳೆ ಎಲೆ. ಬೆಳಗಿನ ಬಿಸಿಲು ಕಲ್ಲಿಗೆ ತಾಗಿದೊಡನೆ ಎಲ್ಲಿದ್ದರೂ ಬಂದು ನಿಲ್ಲುತ್ತಿತ್ತು.

ಪ್ರಖ್ಯಾತ್ ಚಿಂತಾಮಣಿಯಿಂದ ಕಾರು ಮಾಡಿಕೊಂಡು ಬರುವಾಗ ಕತ್ತಲಾಗಿತ್ತು. ತಂದೆಯ ಚಿತೆಗೆ ಬೆಂಕಿ ಕೊಟ್ಟ. ಮನೆಗೆ ಬಂದು ಜಗಲಿಯಲ್ಲಿ ಕುಳಿತವನು ಒಂದೇ ಮಾತು ಹೇಳುತ್ತಿದ್ದ: "ಬಾಯಿಗೊಂದ್ ಹನಿ ತುಳಸಿ ನೀರ್ ಬಿಡುಕಾಯ್ಲಿಲ್ಲ ಅತ್ತಿ. ಒಬ್ನೇ ಹೋದ ಅಪ್ಪಯ್ಯ."

ಬೊಜ್ಜದ ದಿನ, ಅಂದರೆ ಉತ್ತರಕ್ರಿಯೆಯ ದಿನ, ಅಂಗಳಕ್ಕೆಲ್ಲ ಶಾಮಿಯಾನ ಹಾಕಿಸಿದ್ದೆವು. ತೀರಿಕೊಂಡವರಿಗೆಂದು ಎಡೆ ಬಡಿಸಿ ಹೊರಗಿಟ್ಟು, ಕಾಗೆ ಮುಟ್ಟಿದ ಮೇಲೆಯೇ ನಾವು ಊಟಕ್ಕೆ ಕೂರುವುದು. ಜನದ ನಡುವೆ ಬೇರೆ ಜಾಗ ಸಿಗದೆ ಯಾರೋ ಎಲೆಯನ್ನು ಚಪ್ಪಡಿ ಕಲ್ಲಿನ ಮೇಲಿಟ್ಟರು. ಅನ್ನ, ಪಾಯಸ, ಹೆಚ್ಚಿದ ಮಾವಿನಹಣ್ಣು, ಹಲಸಿನ ತೊಳೆ. ಕಾಗೆಗಳು ತೆಂಗಿನ ಮರದಲ್ಲಿ ಕೂಗುತ್ತಿದ್ದವು, ಇಳಿಯಲಿಲ್ಲ. ಪ್ರಖ್ಯಾತ್ ಒದ್ದೆ ಬಟ್ಟೆಯಲ್ಲಿ ಕೈಮುಗಿದು ನಿಂತೇ ಇದ್ದ. ಹಸಿದ ಮಕ್ಕಳು ಅಳತೊಡಗಿದವು. ಹಿರಿಯರು ಒಬ್ಬರ ಮುಖ ಒಬ್ಬರು ನೋಡಿದರು.

ಆಗ ಕಾಲುಗಳ ನಡುವಿನಿಂದ ಸೌಕಾರ ಬಂತು. ಕಲ್ಲು ಹತ್ತಿ, ಎಲೆಯ ಮೇಲೆ ಕತ್ತು ಚಾಚಿ ಮಾವಿನಹಣ್ಣಿಗೆ ಬಾಯಿ ಹಾಕಿತು.

ಓಡಿಸಲು ಕೈಯೆತ್ತಿದ ಒಬ್ಬನನ್ನು ಪದ್ದು ತಡೆದಳು. ಪದ್ದು ನನ್ನ ಚಿಕ್ಕಮ್ಮನ ಮಗಳು. ಅವಳ ಮಾತನ್ನು ನಮ್ಮಲ್ಲಿ ಯಾರೂ ತೆಗೆದುಹಾಕುವುದಿಲ್ಲ. "ಹ್ವಾಯ್, ಮುಟ್ಬೇಡಿ. ಯಾರ್ ಬಂದದ್ದ್ ಅಂದ್ ಗೊತ್ತಾಯ್ಲಿಲ್ಯಾ ನಿಮ್ಗೆ?"

ಪ್ರಖ್ಯಾತ್ ನೆಲಕ್ಕೆ ಬಿದ್ದು ಮಗುವಿನ ಹಾಗೆ ಅತ್ತ. ಅಷ್ಟು ದಿನ ಅವನ ಕಣ್ಣಿನಲ್ಲಿ ನೀರು ಬಂದಿರಲಿಲ್ಲ. ನಾನೂ ಕೈಮುಗಿದೆ. ನಂಬಬೇಕೆಂದು ನನಗೂ ಅನಿಸಿತು.

ಮರುದಿನದಿಂದ ಪ್ರಖ್ಯಾತ್ ಬೆಳಿಗ್ಗೆ ಮಿಂದು ಬಂದು ಸೌಕಾರನಿಗೆ ಮಾವಿನಹಣ್ಣು ಕೊಡತೊಡಗಿದ. ಮಾತಾಡಿಸಲು ಬಂದವರೆಲ್ಲ ಒಂದೊಂದು ಹಣ್ಣು ತಂದರು. ಹೋಟೆಲಿನ ಹಳೆಯ ಅಡುಗೆಯವನೊಬ್ಬ ದ್ರಾಕ್ಷಿ ತಂದು, "ಸೌಕಾರ್ರೇ, ನಿಮ್ ಉಪ್ಪುಂಡವ ನಾನ್" ಎಂದು ಕಲ್ಲಿನ ಮುಂದೆ ಕುಳಿತು ಕಣ್ಣೊರೆಸಿಕೊಂಡ. ಗರಿಕೆ ಹಾಗೆಯೇ ಬಾಡಿತು. ಸಿಹಿ ಕಂಡ ಆಮೆ ಹುಲ್ಲಿನ ಕಡೆ ತಲೆ ತಿರುಗಿಸಲಿಲ್ಲ.

"ಪ್ರಖ್ಯಾತ, ನಿನ್ನಪ್ಪ ಇದಕ್ಕೆ ಇಷ್ಟ್ ಹಣ್ಣ್ ಕೊಡ್ತಿರ್ಲಿಲ್ಲ" ಎಂದೆ.

"ಆಗ ಇದ್ ಬರೀ ಆಮಿ ಅತ್ತಿ" ಎಂದ ಅವನು.

ಪದ್ದು ಜಗಲಿಯಿಂದಲೇ ಕೊಂಕು ತೆಗೆದಳು. "ಪ್ರಭಕ್ಕ, ತಮ್ಮ ಬದುಕಿರುವಾಗ ಲೆಕ್ಕ ಹಾಕಿ ಬಡ್ಸ್ದೆ ಅಂದ್ಹೇಳಿ ಈಗ್ಲೂ ಹಂಗೇ ಬಡ್ಸ್ತ್ಯಾ?"

ನಾನು ಒಳಗೆ ಹೋಗಿ ಒಲೆಯ ಮುಂದೆ ಕುಳಿತೆ.

ಒಂದು ಬೆಳಿಗ್ಗೆ ಬಿಸಿಲು ಕಲ್ಲಿಗೆ ತಾಗಿದರೂ ಸೌಕಾರ ಬರಲಿಲ್ಲ. ಹುಡುಕಿದಾಗ ಸೌದೆಯ ರಾಶಿಯ ಹಿಂದೆ ಸಿಕ್ಕಿತು. ಹಿಂಭಾಗವೆಲ್ಲ ನೀರು ನೀರಾದ ಹೊಲಸು, ಹುಳಿ ವಾಸನೆ. ಕಣ್ಣು ಮುಚ್ಚಿತ್ತು. ಕಾಲಿನ ಬುಡದಲ್ಲಿ ಚರ್ಮ ಉಬ್ಬಿಕೊಂಡಿತ್ತು. ಎತ್ತಿದರೆ ಎಂದಿನಂತೆ ಕಾಲು ಒದರಲಿಲ್ಲ, ಕತ್ತು ಜೋತುಬಿತ್ತು. ಹಿಟ್ಟು ಉಕ್ಕಿದೆ ಎಂದು ನನಗೆ ಆ ಕ್ಷಣವೇ ಗೊತ್ತಾಯಿತು.

"ದನಿನ್ ಡಾಕ್ಟ್ರ ಹತ್ರ ಹೋಪ" ಎಂದೆ.

ಪ್ರಖ್ಯಾತ್ ಬೆಚ್ಚಿದ. "ಬ್ಯಾಡ ಅತ್ತಿ. ಈ ಜಾತಿ ಆಮಿ ಮನಿಯಗೆ ಇಟ್ಕಂಬುಕಿಲ್ಲ. ಫಾರೆಸ್ಟಿನವ್ರಿಗ್ ಗೊತ್ತಾರೆ ತಕಂಡ್ ಹೋತ್ರ್. ಅಪ್ಪಯ್ಯನ್ನ ಮತ್ತೊಂದ್ಸಲ ಕಳ್ಸುಕೆ ನನ್ನಿಂದಾತಿಲ್ಲ."

"ಇಲ್ಲೇ ಇದ್ರೆ ಸಾಯತ್ತ್."

"ಅಪ್ಪಯ್ಯನಿಗೆ ತೃಪ್ತಿ ಆಯ್ಲಿಲ್ಲ, ಅದ್ಕೆ ಹಿಂಗಾಯ್ತ್. ಪದ್ದತ್ತಿ ಹೇಳಿದ್ರ್. ಇವತ್ತ್ ಹಲಸಿನ ಹಣ್ಣಿನ್ ಪಾಯಸ ಮಾಡಿ ಬಡ್ಸ್ತೆ." ಅವನ ಕೈಯಲ್ಲಿ ಆಗಲೇ ತೊಳೆಗಳ ಬಟ್ಟಲಿತ್ತು. ಒಂದನ್ನು ತೆಗೆದು ಆಮೆಯ ಬಾಯಿಗೆ ಹಿಡಿದ. ಅದು ಕಣ್ಣು ತೆರೆಯಲಿಲ್ಲ. ಬೆರಳಿನಿಂದ ಅದರ ಬಾಯಿ ಬಿಡಿಸಲು ಹೋದ.

ನಾನು ಅವನ ಮಣಿಕಟ್ಟು ಹಿಡಿದೆ. ಚಿಕ್ಕಂದಿನಲ್ಲಿ ನಾನೇ ಹಿಡಿದು ಆಡಿಸಿದ ಕೈ ಅದು.

"ಕಾಣ್ ಇಲ್ಲಿ. ಬೊಜ್ಜದ್ ದಿನ ಎಡೆ ಇಟ್ಟದ್ದ್ ಎಲ್ಲಿ?"

"ಕಲ್ಲಿನ್ ಮೇಲೆ."

"ಅದ್ ಇದ್ರ ಊಟದ್ ಕಲ್ಲ್. ನಿನ್ನಪ್ಪ ದಿನಾ ಅಲ್ಲೇ ಬಡ್ಸ್ತಿದ್ದ. ಹಸಿವಾಯ್ತ್, ಅದ್ರ ಜಾಗಕ್ಕೆ ಅದ್ ಬಂತ್. ಕಾಗಿ ಯಾಕ್ ಬರ್ಲಿಲ್ಲ? ಮೇಲೆ ಶಾಮಿಯಾನ, ಸುತ್ತ ಜನ. ಯಾವ ಕಾಗಿ ಇಳಿತ್ತ್ ಮಗ?"

ಅವನು ನನ್ನನ್ನು ನೋಡಿದ ನೋಟ ನನಗೆ ಈಗಲೂ ಕಣ್ಣಿಗೆ ಕಟ್ಟಿದಂತಿದೆ. "ಹಂಗಾರೆ ಅಪ್ಪಯ್ಯ ಬರ್ಲೇ ಇಲ್ಯಾ?"

"ಅದ್ ನಂಗ್ ಗೊತ್ತಿಲ್ಲ. ದೇವ್ರಿಗ್ ಗೊತ್ತ್. ನಿನ್ನಪ್ಪ ಇದಕ್ಕೆ ಎಂತ ಕೊಡ್ತಿದ್ದ, ಎಂತ ಕೊಡ್ತಿರ್ಲಿಲ್ಲ ಅನ್ನುದ್ ನಂಗ್ ಗೊತ್ತಿತ್ತ್. ಆ ತೊಳಿ ಕೆಳಗೆ ಹಾಕ್."

ಅವನು ಹಾಕಲಿಲ್ಲ. ಕೈ ಮುಷ್ಟಿಯಾಗಿ ತೊಳೆ ಹಿಚುಕಿ ರಸ ಇಳಿಯಿತು. ನಾನು ಆಮೆಯನ್ನು ಬುಟ್ಟಿಯಲ್ಲಿಟ್ಟು ಬೈರಾಸದ ಬಟ್ಟೆ ಮುಚ್ಚಿ, ರಸ್ತೆಗೆ ಇಳಿದು ಸುಬ್ಬನ ರಿಕ್ಷಾ ನಿಲ್ಲಿಸಿದೆ. ಹತ್ತಿ ಕುಳಿತ ಮೇಲೆ ಪ್ರಖ್ಯಾತ್ ಬಂದು ಬುಟ್ಟಿಯನ್ನು ತನ್ನ ತೊಡೆಯ ಮೇಲಿಟ್ಟುಕೊಂಡ. ಹೊಂಡ ಬಂದಲ್ಲೆಲ್ಲ ಬುಟ್ಟಿಯನ್ನು ಎತ್ತಿ ಹಿಡಿಯುತ್ತಿದ್ದ.

"ಎಂತ ಪ್ರಭಕ್ಕ, ಬುಟ್ಟಿಯಗೆ?" ಎಂದು ಸುಬ್ಬ ಕೇಳಿದ.

"ಸೌಕಾರ. ನೀ ನಿಧಾನ ಬಿಡ್."

ಪಶುವೈದ್ಯರು ಘಟ್ಟದ ಮೇಲಿನವರು. ಬುಟ್ಟಿ ತೆರೆದು ನೋಡಿ ನಮ್ಮ ಮುಖ ನೋಡಿದರು. "ಇದನ್ನು ಸಾಕುವಂತಿಲ್ಲ, ಗೊತ್ತಲ್ಲ?"

"ಗೊತ್ತಿತ್ತ್" ಎಂದೆ. "ಮೊದ್ಲ್ ಬದ್ಕ್ಲಿ."

"ಏನು ತಿನ್ನಿಸಿದಿರಿ?"

ಪ್ರಖ್ಯಾತ್ ಒಂದೊಂದಾಗಿ ಹೇಳಿದ. ಮಾವು, ಹಲಸು, ದ್ರಾಕ್ಷಿ, ಬಾಳೆ. ಹೇಳುತ್ತಾ ಹೇಳುತ್ತಾ ಅವನ ಸ್ವರ ಇಳಿಯಿತು. ವೈದ್ಯರು ಬೈಯಲಿಲ್ಲ. ಸಿಹಿ ಹೊಟ್ಟೆಯಲ್ಲಿ ಹುಳಿತು ಗಾಳಿ ತುಂಬಿದೆ, ನೀರಿನಂಶ ಹೋಗಿದೆ ಎಂದರು. ಸೂಜಿಯಿಂದ ಚರ್ಮದಡಿಗೆ ನೀರು ಕೊಟ್ಟರು. ಹಣ್ಣು ಪೂರ್ತಿ ಬಂದ್. ಗದ್ದ ಮುಳುಗದಷ್ಟು ಉಗುರುಬೆಚ್ಚಗಿನ ನೀರಿನಲ್ಲಿ ದಿನವೂ ಇರಿಸಬೇಕು, ಬೆಚ್ಚಗಿಡಬೇಕು, ತಾನಾಗಿ ಬಾಯಿ ಹಾಕಿದರೆ ಮಾತ್ರ ಹುಲ್ಲು, ಸೊಪ್ಪು. "ಬಾಯಿ ಬಿಡಿಸಿ ತುರುಕಬೇಡಿ. ಉಳಿಯುತ್ತದೆಂದು ನಾನು ಹೇಳಲಾರೆ. ಉಳಿದರೆ ಅರಣ್ಯ ಇಲಾಖೆಯವರ ಹತ್ತಿರ ನಾನೇ ಮಾತಾಡುತ್ತೇನೆ. ಕರಾವಳಿಯ ಮಳೆಯ ತೇವ ಇದಕ್ಕೆ ಆಗದು."

ಅಂದಿನಿಂದ ಪ್ರಖ್ಯಾತ್ ಹಿತ್ತಾಳೆಯ ಹರಿವಾಣದಲ್ಲಿ ಬೆಚ್ಚಗಿನ ನೀರಿಟ್ಟು, ಆಮೆಯ ಗದ್ದಕ್ಕೆ ಬೆರಳು ಕೊಟ್ಟು ಕೂರುತ್ತಿದ್ದ. ಹಣ್ಣು ತಂದವರನ್ನು ನಾನು ಗೇಟಿನಲ್ಲಿಯೇ ನಿಲ್ಲಿಸಿದೆ. ಪದ್ದು ಮುನಿಸಿಕೊಂಡು ಹೋದಳು. ಆಮೆ ಕಣ್ಣು ತೆರೆಯಲಿಲ್ಲ. ಸತ್ತಿತೇ ಎಂದು ನಾನು ಅದರ ಕಾಲನ್ನು ಮೆಲ್ಲನೆ ಎಳೆದು ನೋಡುತ್ತಿದ್ದೆ. ಬಹಳ ಹೊತ್ತಿನ ಮೇಲೆ ಅದು ಕಾಲನ್ನು ತುಸು ಒಳಗೆಳೆದುಕೊಳ್ಳುತ್ತಿತ್ತು.

"ಅತ್ತಿ" ಎಂದ ಪ್ರಖ್ಯಾತ್ ಒಂದು ಸಂಜೆ. "ಇದ್ ಹೋರೆ, ನಾನೇ ಕೊಂದದ್ದ್ ಅಲ್ದಾ?"

"ಪ್ರೀತಿಯಗೆ ಕೊಟ್ಟದ್ದ್ ಮಗ."

"ಅದೇ ಕೇಣ್ದೆ ನಾನ್."

ಮರುದಿನ ಬೆಳಿಗ್ಗೆ ಒಲೆ ಹೊತ್ತಿಸಿ ಗೋಳಿಬಜೆ ಕರಿದೆ. ಗುಣಪಾಲ ಚಿಂತಾಮಣಿಯಲ್ಲಿ ಹೆಸರು ಮಾಡಿದ್ದು ಅದರಿಂದಲೇ. ಅನ್ನದ ಜೊತೆ ಅದನ್ನು ಬಾಳೆ ಎಲೆಗೆ ಹಾಕಿ, ಪ್ರಖ್ಯಾತನ ಕೈಗೆ ಕೊಟ್ಟೆ. "ಕಲ್ಲಿನ್ ಮೇಲ್ ಬ್ಯಾಡ. ಹಟ್ಟಿ ಹಿಂದಿನ್ ಗ್ವಾಡಿ ಮೇಲ್ ಇಟ್ಟ್ ಬಾ. ನಿಂತ್ ಕಾಂಬುದ್ ಬ್ಯಾಡ."

ಅವನು ಇಟ್ಟು ಬಂದ. ನಾವಿಬ್ಬರೂ ಬಾವಿಕಟ್ಟೆಯ ಹತ್ತಿರ ಕುಳಿತೆವು. ಹರಿವಾಣದಿಂದ ತೆಗೆದು ಒರೆಸಿದ ಸೌಕಾರ ಕಲ್ಲಿನ ಮೇಲಿತ್ತು. ಪ್ರಖ್ಯಾತ್ ದಾಸವಾಳದ ಒಂದು ಚಿಗುರೆಲೆಯನ್ನು ಅದರ ಮುಂದಿಟ್ಟು ಕೈ ಹಿಂದೆ ತೆಗೆದ. ಹಟ್ಟಿಯ ಹಿಂದೆ ಕಾಗೆಯ ರೆಕ್ಕೆಯ ಸದ್ದಾಯಿತು. ಅವನು ಏಳಹೋದ, ನಾನು ಹೆಗಲ ಮೇಲೆ ಕೈಯಿಟ್ಟೆ. ಗೋಳಿಬಜೆ ಕಚ್ಚಿದ ಕಾಗೆ ಮಾಡಿನ ಮೇಲೆ ಹಾರಿ, ತೆಂಗಿನ ಮರ ದಾಟಿ ಹೋಯಿತು.

ಅವನು ಅದನ್ನು ನೋಡಿದ. ಮತ್ತೆ ಕೆಳಗೆ ನೋಡಿದ. ಸೌಕಾರ ಒಂದು ಕಣ್ಣು ತೆರೆದಿತ್ತು. ಕತ್ತು ನಡುಗುತ್ತಾ ಮುಂದೆ ಬಂತು. ಎಲೆಯ ಅಂಚು ಹರಿದ ಸಣ್ಣ ಸದ್ದು ನಮ್ಮಿಬ್ಬರಿಗೂ ಕೇಳಿಸಿತು.

"ನೀರಿಡ್" ಎಂದೆ. ಅವನು ಎದ್ದು ತಟ್ಟೆ ತೊಳೆದ.

ಮಳೆ ಹಿಡಿಯುವ ಮೊದಲು ಇಲಾಖೆಯವರು ಬಂದು ಸೌಕಾರನನ್ನು ಒಣನೆಲದ ಕಡೆಗೆ ಕರೆದೊಯ್ದರು. ಬುಟ್ಟಿಯನ್ನು ಜೀಪಿಗೆ ಎತ್ತಿಕೊಟ್ಟವನು ಪ್ರಖ್ಯಾತನೇ. ಹಣ್ಣು ಕೊಡಬೇಡಿ ಎಂದು ಅವರಿಗೆ ಮತ್ತೆ ಮತ್ತೆ ಹೇಳಿದ.

ಆ ಕಲ್ಲನ್ನು ನಾನು ಈಗಲೂ ತೊಳೆಯುತ್ತೇನೆ. ತೊಳೆದು ಒಂದು ಎಳೆ ಗರಿಕೆಯಿಟ್ಟು ಕೈಮುಗಿಯುತ್ತೇನೆ. ತಾಯಿ ಮೂಕಾಂಬಿಕೆ, ನಿನ್ನ ಬಾಗಿಲಿಗೆ ಬಂದು ಕಣ್ಣು ಮುಚ್ಚಿದವನು ನನ್ನ ತಮ್ಮ. ಅವನು ಒಬ್ಬನೇ ಹೋದನೆಂಬ ಸಂಕಟ ನಮ್ಮದು. ಆಗ ನೀನು ಹತ್ತಿರವಿದ್ದೆ ಎಂದು ನಂಬಿದ್ದೇನೆ. ಅವನ ಹಸಿವು ಬಾಯಾರಿಕೆ ತೀರಲಿ. ನಮ್ಮ ಅಳು ಅವನ ಕಾಲಿಗೆ ತೊಡಕಾಗದಿರಲಿ. ಗುಣಪಾಲನ ಆತ್ಮಕ್ಕೆ ಶಾಂತಿ ಕೊಡು, ತಾಯಿ.