ಮೊದಲ ಕಪ್ ಚಹಾ ಯಾರಿಗೆ

ಥಾರ್ನ್‌ಕೋಟ್ ಮನೆತನದಲ್ಲಿ ಪಟ್ಟಾಭಿಷೇಕ ಎಂದರೆ ಒಂದು ಕಪ್ ಚಹಾ, ಅಷ್ಟೇ. ತಂದೆಯಿಂದ ಹಿರಿಯ ಮಗನಿಗೆ ಇಳಿದು ಬರುವ ಬ್ಯಾರನೆಟ್ ಪದವಿಯ ಹಿರಿಯನನ್ನು ಮಣ್ಣು ಮಾಡಿ ಬಂದ ಮೇಲೆ ಅವನ ವಿಧವೆ ಎಲ್ಲರೆದುರು ಚಹಾ ಬಗ್ಗಿಸಿ, ಮೊದಲ ಕಪ್ಪನ್ನು ಹೊಸ ವಾರಸುದಾರನ ಕೈಗಿಟ್ಟು ಅವನನ್ನು 'ಸರ್' ಎಂದು ಕರೆಯಬೇಕು. ಅಲ್ಲಿಯವರೆಗೆ ಯಾರೂ ಒಂದು ಗುಟುಕು ನೀರನ್ನೂ ಕುಡಿಯುವಂತಿಲ್ಲ. ತಲೆತಲಾಂತರದಿಂದ ಬಂದ ಈ ಆಟವನ್ನು ಆ ಮನೆಯವರು ಇಗರ್ಜಿಯ ಪ್ರಾರ್ಥನೆಗಿಂತ ಹೆಚ್ಚು ಶ್ರದ್ಧೆಯಿಂದ ಆಡುತ್ತಾರೆ.

ತಂದೆಯನ್ನು ಮಣ್ಣು ಮಾಡಿ ಬಂದ ಹಿರಿಯ ಮಗ ಎವರಾರ್ಡ್ ಅಗ್ಗಿಷ್ಟಿಕೆಯ ಪಕ್ಕ ಅವರು ನಿಲ್ಲುತ್ತಿದ್ದ ಜಾಗದಲ್ಲೇ ನಿಂತಿದ್ದ. ನಲವತ್ತು ದಾಟಿದವನು, ಹುಟ್ಟಿದ್ದೇ ಈ ಕಪ್ಪಿಗಾಗಿ ಎಂಬಂತೆ ಬೆಳೆದವನು. ಇದಕ್ಕಾಗಿ ನೋರಾಳನ್ನೂ ಬಿಟ್ಟಿದ್ದ. ಊರಿನ ಪಬ್ ನಡೆಸುವವನ ಮಗಳು ನೋರಾ ಬಸುರಿಯಾದಾಗ ಅವನು ಮದುವೆಗೆ ತಯಾರಾಗಿದ್ದ. ತಂದೆ ಕೆಂಡವಾಗಿದ್ದರು. ಮದುವೆಗೆ ಮೊದಲೇ ಬಸುರಾದವಳು ಈ ಮನೆಯ ಹೊಸಿಲು ತುಳಿಯಕೂಡದು, ಊರವರು ಬೆರಳು ಮಡಿಸಿ ತಿಂಗಳು ಎಣಿಸುತ್ತಾರೆ, ಪದವಿಗೆ ಮಸಿ ಬಳಿಯಬೇಡ ಎಂದಿದ್ದರು. ಎವರಾರ್ಡ್ ತಲೆ ತಗ್ಗಿಸಿದ್ದ. ನೋರಾ ಒಬ್ಬಳೇ ರೈಲು ಹತ್ತಿ ಹೋದಳು. ಹೇಡಿ ಎಂದು ಯಾರೂ ಅವನಿಗೆ ಹೇಳಬೇಕಾಗಿರಲಿಲ್ಲ. ಅದು ಅವನಿಗೇ ಗೊತ್ತಿತ್ತು. ಆಮೇಲೆ ಅವನು ಮದುವೆಯ ಸುದ್ದಿಯನ್ನೇ ಎತ್ತಲಿಲ್ಲ.

ತಾಯಿ ವಿನಿಫ್ರೆಡ್ ಚಹಾದ ಕಪ್ಪು ಹಿಡಿದು ಎದ್ದರು. ಎವರಾರ್ಡ್ ಕೈ ಚಾಚಿದ. ಅವರು ಅವನನ್ನು ದಾಟಿ ಕಿಟಕಿಯ ಬಳಿಯಿದ್ದ ಕಿರಿಯ ಮಗನ ಹತ್ತಿರ ಹೋದರು.

"ತಗೊಳ್ಳಿ, ಸರ್ ಕ್ರಿಸ್ಪಿನ್."

ದುಃಖಕ್ಕೆ ಅರಳುಮರಳಾಗಿದೆ ಎಂದು ಅತ್ತೆಯೊಬ್ಬಳು ಪಿಸುಗುಟ್ಟಿದಳು. ಪದವಿ, ಪಟ್ಟ ಎಂದರೆ ನಗುವ ಕ್ರಿಸ್ಪಿನ್ ಈಗಲೂ ತಮಾಷೆಗೇ ಇಳಿದ.

"ಅಮ್ಮಾ, ನಾನು ಕಣಮ್ಮ. ಅಣ್ಣ ಅಲ್ಲಿದ್ದಾನೆ ನೋಡು. ಪಾಪ, ಇದಕ್ಕೇ ಅಂತ ಹೊಸ ಬೂಟು ಬೇರೆ ಹಾಕ್ಕೊಂಡು ಬಂದಿದ್ದಾನೆ."

"ನನ್ನ ಕಣ್ಣು ನೆಟ್ಟಗೇ ಇದೆ," ಎಂದರು ತಾಯಿ. "ನೀನು ಹುಟ್ಟಿದಾಗ ನಮಗೆ ಮದ್ವೆ ಆಗಿತ್ತು. ಅವನು ಹುಟ್ಟಿದಾಗ ಆಗಿರಲಿಲ್ಲ."

ಎವರಾರ್ಡ್‌ಗೆ ಚಾಚಿದ ಕೈಯನ್ನು ಹಿಂದಕ್ಕೆ ತೆಗೆದುಕೊಳ್ಳುವುದೂ ಮರೆತುಹೋಯಿತು.

ತಾಯಿ ಉಳಿದದ್ದನ್ನು ನಿಂತಲ್ಲೇ ಹೇಳಿ ಮುಗಿಸಿದರು. ಗಂಡ ಸೈನ್ಯದಲ್ಲಿದ್ದಾಗ ಇಬ್ಬರೂ ಸೈಪ್ರಸ್‌ನಲ್ಲಿದ್ದರು. ಮಾವ ಒಪ್ಪಲಿಲ್ಲವೆಂದು ಮದುವೆ ಮುಂದಕ್ಕೆ ಹೋಯಿತು, ಕೂಸು ಕಾಯಲಿಲ್ಲ. ಎವರಾರ್ಡ್ ಅಂಬೆಗಾಲಿಡುವ ಹೊತ್ತಿಗೆ ಮದುವೆಯಾಗಿ, ಊರಿಗೆ ಬಂದು ಹಳೆಯ ದಂಪತಿಗಳಂತೆ ನಡೆದುಕೊಂಡರು. ಮನೆ, ಜಮೀನು ಉಯಿಲಿನಂತೆ ಅವನಿಗೇ. ಪದವಿ ಮಾತ್ರ ಕಾನೂನಿನಂತೆ ಮದುವೆಯಾದ ಮೇಲೆ ಹುಟ್ಟಿದವನಿಗೆ. ತಾನು ಬದುಕಿರುವ ತನಕ ಬಾಯಿ ಬಿಡಬೇಡವೆಂದು ಗಂಡ ಆಣೆ ಹಾಕಿಸಿಕೊಂಡಿದ್ದ. ಈಗ ಪದವಿ ದಾಖಲಿಸುವಾಗ ಸರಕಾರದವರು ಮದುವೆಯ ದಿನ ಕೇಳಿಯೇ ಕೇಳುತ್ತಾರೆ, ಅವರ ಬಾಯಿಂದ ನಿನಗೆ ತಿಳಿಯುವುದು ಬೇಡವಾಗಿತ್ತು ಎಂದು ಹಿರಿಯ ಮಗನಿಗೆ ಹೇಳಿದರು.

ಕ್ರಿಸ್ಪಿನ್‌ನ ಮುಖದ ನಗು ಆರಿಹೋಗಿತ್ತು. "ಅಣ್ಣಾ, ನನಗಿದು ಬೇಡ. ನೀನೇ ಇಟ್ಕೋ," ಎಂದು ಕಪ್ಪನ್ನು ಮುಂದೆ ಚಾಚಿದ. ಹಾಗೆ ಕೊಟ್ಟು ತೆಗೆದುಕೊಳ್ಳುವ ವಸ್ತುವಲ್ಲ ಪದವಿ ಎಂದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು.

ಎವರಾರ್ಡ್ ಆ ಕಪ್ಪಿನ ಕಡೆ ನೋಡಲೇ ಇಲ್ಲ.

"ಅಮ್ಮಾ, ನೋರಾ ಈ ಮನೆ ಹೊಸಿಲು ತುಳೀಬಾರದು ಅಂತ ಅಪ್ಪ ಅಂದ್ರಲ್ಲ, ಆವತ್ತು ನೀನು ಇಲ್ಲೇ ಕೂತು ಚಹಾ ಬಗ್ಗಿಸ್ತಿದ್ದೆ. ನಿನ್ನ ಕೈ ನಡುಗಲಿಲ್ವಾ?"

ವಿನಿಫ್ರೆಡ್ ಮೇಜಿಗೆ ಮರಳಿ ಎರಡನೆಯ ಕಪ್ಪಿಗೆ ಚಹಾ ಬಗ್ಗಿಸಿದರು.

"ಇಲ್ಲ ಮಗೂ," ಎಂದರು. "ಅಷ್ಟು ಹೊತ್ತಿಗೆ ಮುಚ್ಚಿಟ್ಟು ಅಭ್ಯಾಸ ಆಗಿಹೋಗಿತ್ತು."